ಇನ್ನೂ ಸ್ವಲ್ಪ ನೋವು ಬೇಕಿತ್ತಂತೆ

ಪ್ರೀತಿಯ ತಂಗಿ,

ನಿನ್ನ ಅಮ್ಮನ ಮೇಲೆ ನೀನು ಬರೆದ ಕಥೆ ಓದಿದೆ. ಸಂಪಾದಕರು ಬರೆದು ಕಳಿಸಿದ ಸಾಲುಗಳನ್ನೂ ಓದಿದೆ. "ಬಟ್ಟೆ ಹಗ್ಗದ ಜಗಳ ಬೇಡ, ಚರಂಡಿಯ ದೃಶ್ಯ ಬೆಳೆಸಿ. ಇನ್ನೂ ಸ್ವಲ್ಪ ನೋವು ಬೇಕಿತ್ತು." ಉಪ್ಪು ಕಮ್ಮಿಯಾಯ್ತು ಅನ್ನೋ ಹಾಗೆ! ಮೊದಲು ನಗು ಬಂತು, ಆಮೇಲೆ ಸಿಟ್ಟು. ಅವರು ಕೆಟ್ಟವರೇನಲ್ಲ. ಚರಂಡಿ ಬಳಿಯುವ ಹೆಂಗಸಿನ ಕಥೆ ಅಂದ ಕೂಡಲೇ ಅವರ ತಲೆಯಲ್ಲಿ ಒಂದು ಚಿತ್ರ ಕೂತುಬಿಟ್ಟಿದೆ. ನಿನ್ನ ಅಮ್ಮ ಅದರೊಳಗೆ ಹಿಡಿಸುತ್ತಿಲ್ಲ, ಅಷ್ಟೇ.

ಇದೇ ತಪ್ಪನ್ನು ನಾನೂ ಮಾಡಿದ್ದೇನೆ. ಮೂವತ್ತು ವರ್ಷದ ಹಿಂದೆ, ಹುಟ್ಟಿನಿಂದ ಕಣ್ಣು ಕಾಣದ ಗೆಳೆಯರೊಬ್ಬರ ಮೇಲೆ ಕಥೆ ಬರೆದೆ. ಅವರು ಒಂದು ಆಫೀಸಿನಲ್ಲಿ ಟೆಲಿಫೋನ್ ಆಪರೇಟರ್. ಕಥೆಗೆ 'ಕತ್ತಲು' ಅಂತ ಹೆಸರಿಟ್ಟೆ. ಪುಸ್ತಕದ ಬೆನ್ನಿಗೆ 'ದನಿ ಇಲ್ಲದವರ ದನಿ' ಅಂತ ಅಚ್ಚಾಯಿತು. ಬೆಳಿಗ್ಗೆಯಿಂದ ಸಂಜೆವರೆಗೆ ಮಾತಾಡುವುದೇ ಕೆಲಸವಾಗಿದ್ದ ಮನುಷ್ಯನಿಗೆ ನಾನು ದನಿ ಕೊಡಲು ಹೊರಟಿದ್ದೆ ನೋಡು!

ಅಚ್ಚಾದ ಮೇಲೆ ಅವರ ಮುಂದೆ ಕೂತು ಓದಿದೆ. ಪೂರ್ತಿ ಕೇಳಿಸಿಕೊಂಡರು. "ಚೆನ್ನಾಗಿದೆ ಮೇಡಂ. ಆದ್ರೆ ಮೊದಲಿಂದ ಕೊನೇವರೆಗೂ ನಾನು ಕತ್ತಲಲ್ಲೇ ಇದ್ದೀನಲ್ಲ? ಕತ್ತಲು ಹೇಗಿರುತ್ತೆ ಅಂತಾನೇ ನನಗೆ ಗೊತ್ತಿಲ್ಲ. ಅದು ನಿಮಗೆ ಕಾಣೋದು." ಸ್ವಲ್ಪ ಹೊತ್ತು ಬಿಟ್ಟು ಕೇಳಿದರು: "ನನ್ನ ಪ್ರಮೋಷನ್ ವಿಷಯ ಎಲ್ಲೂ ಬರಲೇ ಇಲ್ವಲ್ಲ?"

ಏಳು ವರ್ಷದಿಂದ ಅವರ ಬಡ್ತಿ ತಡೆಹಿಡಿದಿದ್ದರು. ಸಿಕ್ಕಾಗಲೆಲ್ಲ ಅದನ್ನೇ ಹೇಳುತ್ತಿದ್ದರು. ಅರ್ಜಿ, ಮೇಲಧಿಕಾರಿ, ಸೀನಿಯಾರಿಟಿ ಪಟ್ಟಿ, ಇದರಲ್ಲೆಲ್ಲಿದೆ ಕಥೆ ಅಂತ ನಾನು ಬಿಟ್ಟಿದ್ದೆ. ನನಗೆ ಅಯ್ಯೋ ಅನ್ನಿಸುವ ಕತ್ತಲು ಬೇಕಿತ್ತು. ಜಗಳ ಆಡುವ ನೌಕರ ಬೇಕಿರಲಿಲ್ಲ.

ನನ್ನ ಹಾಗೆ ಮಾಡದ ಒಬ್ಬರ ವಿಷಯ ಹೇಳ್ತೀನಿ. ಅಮೆರಿಕದ ಲೇಖಕಿ ಜೋರಾ ನೀಲ್ ಹರ್ಸ್ಟನ್ 1927ರಲ್ಲಿ ಅಲಬಾಮಾದ ಕುಜೋ ಲೂಯಿಸ್ ಎಂಬ ಮುದುಕರನ್ನು ಕಂಡರು. 1860ರಲ್ಲಿ ಆಫ್ರಿಕಾದಿಂದ ಕದ್ದು ಹಡಗಿನಲ್ಲಿ ತಂದ ಗುಲಾಮರಲ್ಲಿ ಅವರೂ ಒಬ್ಬರು. ಹಾಗೆ ತರುವುದನ್ನು 1808ರಲ್ಲೇ ಕಾನೂನು ನಿಷೇಧಿಸಿತ್ತು. ಹರ್ಸ್ಟನ್ ಆ ಮುದುಕರ ಮನೆಗೆ ಮತ್ತೆ ಮತ್ತೆ ಹೋದರು. ಕೆಲವು ದಿನ ಮುದುಕರಿಗೆ ಮಾತಾಡಲು ಮನಸ್ಸಿರುತ್ತಿರಲಿಲ್ಲ, ಇವರು ಸುಮ್ನೆ ವಾಪಸ್ ಬರುತ್ತಿದ್ದರು. ಫೋಟೋ ತೆಗೆಯುವ ಹೊತ್ತಿಗೆ ಕುಜೋ ತಮ್ಮ ಒಳ್ಳೆಯ ಸೂಟು ತೊಟ್ಟು ಹೊರಗೆ ಬಂದರು. ಬೂಟು ಮಾತ್ರ ಬಿಚ್ಚಿಟ್ಟಿದ್ದರು. ಆಫ್ರಿಕಾದಲ್ಲಿದ್ದ ಹಾಗೆ ಕಾಣಬೇಕಂತೆ. ಹೆಂಡತಿ ಮಕ್ಕಳ ಸಮಾಧಿಗಳ ನಡುವೆ ಇನ್ನೊಂದು ಫೋಟೋ ತೆಗೀರಿ ಅಂತಲೂ ಕೇಳಿದರು. ಮೈಮೇಲೆ ಸೂಟು, ಕೆಳಗೆ ಬರಿಗಾಲು. ನನ್ನ ಕೈಗೆ ಕ್ಯಾಮೆರಾ ಸಿಕ್ಕಿದ್ದರೆ ಪೂರ್ತಿ ಹರಕು ಬಟ್ಟೆಯನ್ನೇ ಹುಡುಕುತ್ತಿದ್ದೆ ಅನಿಸುತ್ತದೆ.

1931ರ ಹೊತ್ತಿಗೆ ಕುಜೋ ಅವರ ಕಥೆಯ ಹಸ್ತಪ್ರತಿ ಸಿದ್ಧವಾಯಿತು. ಮುದುಕರ ಆಡುಮಾತನ್ನು ಶಿಷ್ಟ ಇಂಗ್ಲಿಷಿಗೆ ತಿದ್ದಿಕೊಡಿ ಅಂದರು ಪ್ರಕಾಶಕರು. ಹರ್ಸ್ಟನ್ ಒಪ್ಪಲಿಲ್ಲ. ಪುಸ್ತಕ ಹೊರಬಂದದ್ದು 2018ರಲ್ಲಿ. ಅಷ್ಟರಲ್ಲಿ ಅವರು ತೀರಿಕೊಂಡು 58 ವರ್ಷವಾಗಿತ್ತು. ನೀನೂ ಹಾಗೆ ಕಾಯಬೇಕು ಅಂತಲ್ಲ, ಗಾಬರಿಯಾಗಬೇಡ! ನಿನ್ನ ಕಥೆಯ ಒಂದು ವಿಷಯ ಮಾತ್ರ ನೋಡು. ಅಮ್ಮ ಜಗಳಕ್ಕೆ ನಿಂತಾಗ ಆಡುಮಾತು ಆಡುತ್ತಾರೆ, ಅಳುವಾಗ ಮಾತ್ರ ಪುಸ್ತಕದ ಭಾಷೆ. ಗಮನಿಸಿದ್ದೀಯಾ? ಆ ಅಳುವ ಭಾಗ ನೀನು ಅಮ್ಮನನ್ನು ನೋಡಿ ಬರೆದದ್ದಲ್ಲ, ಸಂಪಾದಕರನ್ನು ನೆನೆದು ಬರೆದದ್ದು.

ಮನೆ ವಿಷಯ ಎಷ್ಟು ಬರೆಯಬಹುದು ಅಂತ ನೀನು ಕೇಳಿದ್ದೆ. ನನ್ನನ್ನಲ್ಲ, ಅಮ್ಮನನ್ನು ಕೇಳು. ಅಚ್ಚಿಗೆ ಹೋಗುವ ಮೊದಲೇ ಓದಿ ಹೇಳು. ಬೇಡ ಅಂದದ್ದನ್ನು ತೆಗಿ, ವಾದ ಮಾಡಬೇಡ. 1861ರಲ್ಲಿ ಅಮೆರಿಕದ ಹ್ಯಾರಿಯೆಟ್ ಜೇಕಬ್ಸ್ ತಮ್ಮ ಗುಲಾಮಗಿರಿಯ ದಿನಗಳನ್ನು ಬರೆದಾಗ ಹೆಸರುಗಳನ್ನು ಬದಲಿಸಿದರು, ತಮ್ಮದನ್ನೂ ಸೇರಿಸಿ. ಅದರಿಂದ ನಷ್ಟವೂ ಆಯಿತು. ಬಹಳ ಕಾಲ ಎಷ್ಟೋ ಜನ ಅದನ್ನು ಕಟ್ಟುಕಥೆ ಅಂದುಕೊಂಡರು. ಆದರೂ ಯಾವುದನ್ನು ಬಚ್ಚಿಡಬೇಕು ಅನ್ನೋದು ಅವರ ಕೈಯಲ್ಲೇ ಇತ್ತು ಅಲ್ವಾ?

ಬರೆದರೆ ಅಮ್ಮನಿಗೇನು ಸಿಗುತ್ತೆ ಅಂತಲೂ ಕೇಳಿದ್ದೀಯ. ನಿಜ ಹೇಳಲಾ? ಸಂಬಳ ಜಾಸ್ತಿಯಾಗೋದಿಲ್ಲ. ಕೈಗವಸು, ಬೂಟು ಬರೋದಿಲ್ಲ. ಅದಕ್ಕೆ ಸಂಘ ಬೇಕು, ಕೋರ್ಟು ಬೇಕು. ನನ್ನ ಗೆಳೆಯರಿಗೆ ಕೊನೆಗೆ ಬಡ್ತಿ ಸಿಕ್ಕಿತು, ಅವರೇ ಕೇಸು ಹಾಕಿ ಗೆದ್ದರು. ನನ್ನ 'ಕತ್ತಲು' ಅದಕ್ಕೆ ಒಂದು ಅಕ್ಷರದಷ್ಟೂ ಸಹಾಯ ಮಾಡಲಿಲ್ಲ. ಆ ಬಡ್ತಿಯ ವಿಷಯವನ್ನೇ ಬರೆದಿದ್ದರೆ ಅವರ ಮೇಲಧಿಕಾರಿ ಅದನ್ನು ಓದಿ ಒಂದು ರಾತ್ರಿ ನಿದ್ದೆ ಕೆಡುತ್ತಿದ್ದನೇನೋ. ಅಷ್ಟಾದರೂ ಆಗುತ್ತಿತ್ತು.

ಈಗ ನಿನ್ನ ಕಥೆಗೆ ಬರೋಣ. ಹಗ್ಗದ ಜಗಳ ತೆಗೀಬೇಡ. ದಿನವೆಲ್ಲ ಚರಂಡಿಯಲ್ಲಿ ನಿಂತು ಬಂದವಳು ಒಂದು ಗೇಣು ಹಗ್ಗಕ್ಕೋಸ್ಕರ ಸೊಂಟಕ್ಕೆ ಸೆರಗು ಸಿಕ್ಕಿಸಿ ನಿಲ್ಲುತ್ತಾಳಲ್ಲ, ಅಲ್ಲೇ ನನಗೆ ಅವಳ ಮುಖ ಕಂಡದ್ದು. ಅಮ್ಮನ ಕಡೆಗೂ ತಪ್ಪಿದೆ ಅಂತ ಬರೆದಿದ್ದೀಯ, ಅದು ಇನ್ನೂ ಒಳ್ಳೆಯದು. ಒಂದೇ ಒಂದು ತಕರಾರು. ಪಕ್ಕದ ಮನೆಯವಳು ಸುಮ್ನೆ ಬೈಸಿಕೊಳ್ಳುತ್ತಾ ನಿಂತಿದ್ದಾಳೆ. ಅವಳಿಗೂ ಎರಡು ಒಳ್ಳೆ ಬೈಗುಳ ಕೊಡು. ತಿದ್ದಿ ಕಳಿಸು, ಓದುತ್ತೇನೆ.

ನಿನ್ನ
ಅಕ್ಕ