ನಾಗರತ್ನಮ್ಮನವರ ಬಗ್ಗೆ ಒಂದೇ ಸಾಲು ಸಾಲದು

ಮಾನ್ಯ ಸಂಪಾದಕರೇ,

ವಿಧಾನಸಭೆಯ ಇತಿಹಾಸ ಬರೆಯುವಾಗಲೆಲ್ಲ ಕೆ.ಎಸ್. ನಾಗರತ್ನಮ್ಮನವರನ್ನು ‘ರಾಜ್ಯದ ಮೊದಲ ಮಹಿಳಾ ಸ್ಪೀಕರ್’ ಎಂದಷ್ಟೇ ಹೇಳಿ ಮುಗಿಸುವುದು ಬೇಸರದ ಸಂಗತಿ. ಅವರ ನಂತರ ಆ ಪೀಠದಲ್ಲಿ ಇನ್ನೊಬ್ಬ ಮಹಿಳೆ ಕೂತೇ ಇಲ್ಲ.

1957ರಲ್ಲಿ ಗುಂಡ್ಲುಪೇಟೆಯಿಂದ ಗೆದ್ದಾಗ ಅವರು ಪಕ್ಷೇತರರು. ಅದೇ ಕ್ಷೇತ್ರ ಅವರನ್ನು ಒಟ್ಟು ಏಳು ಸಲ ಆರಿಸಿ ಕಳಿಸಿತು: 1957, 1962, 1967, 1972, 1983, 1985, 1989. ಇದನ್ನು ‘ಸತತ ಏಳು’ ಎಂದು ಬರೆದರೆ ತಪ್ಪಾಗುತ್ತದೆ. 1978ರಲ್ಲಿ ಸೋತು, ಐದು ವರ್ಷದ ನಂತರ ಮರಳಿ ಗೆದ್ದ ಛಲವೇ ಅಲ್ಲಿ ಮರೆಯಾಗುತ್ತದೆ.

ಸ್ಪೀಕರ್ ಆಗಿದ್ದದ್ದು 1972ರಿಂದ 1978ರವರೆಗೆ. ಮೈಸೂರು ರಾಜ್ಯ ಕರ್ನಾಟಕವಾದದ್ದು ಅವರ ಅವಧಿಯಲ್ಲೇ. ಪಕ್ಷಾಂತರ ನಿಷೇಧ ಕಾಯ್ದೆ ಬಂದದ್ದು 1985ರಲ್ಲಿ; ಹಾಗಾಗಿ ಪಕ್ಷ ಬದಲಿಸಿದ ಶಾಸಕರನ್ನು ಅನರ್ಹಗೊಳಿಸುವ ಅಸ್ತ್ರ ಅವರ ಕೈಯಲ್ಲಿರಲಿಲ್ಲ. ಮತಗಳು ಸಮಸಮ ಬಿದ್ದರಷ್ಟೇ ಸ್ಪೀಕರ್ ಮತ ಹಾಕಬಹುದು. ಉಳಿದಂತೆ ಸದನ ನಡೆಯಬೇಕಾದದ್ದು ನಿಯಮ ಮತ್ತು ಗಟ್ಟಿ ದನಿಯ ಮೇಲೆ.

ಮುಂದೆ ಅವರು ವಿರೋಧ ಪಕ್ಷದ ನಾಯಕಿಯೂ ಆದರು. ಶಾಲಾ ಪಠ್ಯದಲ್ಲಿ ಈ ಎರಡೂ ಹುದ್ದೆಗಳು, ಆ ಏಳೂ ಇಸವಿಗಳು ಸೇರಲಿ.

– ಓದುಗರು, ಗುಂಡ್ಲುಪೇಟೆ