ಭಾನುವಾರದ ಮಾತುಕತೆ: ನಿರುದ್ಯೋಗದ ಲೆಕ್ಕ

ಎಲ್ಲರಿಗೂ ನಮಸ್ಕಾರ. ಈ ಭಾನುವಾರ ಬೆಳಿಗ್ಗೆ 10ಕ್ಕೆ ನಮ್ಮ ಓದುಗುಂಪಿನ ಆನ್‌ಲೈನ್ ಮಾತುಕತೆ ಇದೆ. ಹೋದ ಸಲ ತಪ್ಪಿಸಿಕೊಂಡವರೂ ಬನ್ನಿ, ಇದು ಹೊಸ ವಿಷಯ.

ಬರುವ ಮುಂಚೆ ಒಂದು ಲೆಕ್ಕ ನೋಡಿ. ದುಡಿಯಲು ಸಿದ್ಧವಿರುವ 100 ಜನರಲ್ಲಿ 10 ಮಂದಿ ಕೆಲಸ ಹುಡುಕುತ್ತಿದ್ದಾರೆ. ನಿರುದ್ಯೋಗ ದರ ಶೇ 10. ಅವರಲ್ಲಿ 5 ಮಂದಿ ಸಾಕಾಗಿ ಹುಡುಕುವುದನ್ನೇ ಬಿಟ್ಟರೆ ಅವರು ಲೆಕ್ಕದಿಂದಲೇ ಹೊರಗೆ. ಈಗ 95 ಜನರಲ್ಲಿ 5 ಮಂದಿ, ಅಂದರೆ ದರ ಸುಮಾರು ಶೇ 5.3ಕ್ಕೆ ಇಳಿಯುತ್ತದೆ. ಆದರೆ ಹೊಸದಾಗಿ ಒಬ್ಬರಿಗೂ ಕೆಲಸ ಸಿಕ್ಕಿಲ್ಲ, ಅಲ್ವಾ? ನನಗೆ ಜಾಸ್ತಿ ಕಾಡುವುದು ಇದೇ. ಇದರ ಜೊತೆಗೆ ಇನ್ನೊಂದು ವಿಷಯ: ಅಂತರರಾಷ್ಟ್ರೀಯ ಕಾರ್ಮಿಕ ಸಂಸ್ಥೆಯ ಅಳತೆಯಲ್ಲಿ ವಾರಕ್ಕೆ ಒಂದು ಗಂಟೆ ಸಂಬಳಕ್ಕೆ ದುಡಿದವರೂ ಉದ್ಯೋಗಸ್ಥರೇ.

ಒಬ್ಬೊಬ್ಬರೂ ಒಂದು ಪ್ರಶ್ನೆ ಬರೆದು ತನ್ನಿ. ಬರುತ್ತೀರೋ ಇಲ್ಲವೋ, ಶುಕ್ರವಾರ ರಾತ್ರಿಯೊಳಗೆ ಇಲ್ಲೇ ತಿಳಿಸಿ. ಲಿಂಕ್ ಶನಿವಾರ ಹಾಕುತ್ತೇನೆ.