ಸಹಿ ಹಾಕುವ ಮುನ್ನ: ಅನಘಾಳಿಗೆ ದೊಡ್ಡಮ್ಮನ ಪತ್ರ

ಮೈಸೂರು,
ಗುರುವಾರ

ಚಿ. ಕು. ಅನಘಾಳಿಗೆ ನಿನ್ನ ದೊಡ್ಡಮ್ಮ ಮಾಡುವ ಅನೇಕ ಆಶೀರ್ವಾದಗಳು. ನಾವೆಲ್ಲ ಇಲ್ಲಿ ಕ್ಷೇಮ.

ಕೇಂದ್ರದ ನಾಗರಿಕ ಸೇವೆಗಳ ಮುಖ್ಯ ಪರೀಕ್ಷೆಯಲ್ಲಿ ನೀನು ತೇರ್ಗಡೆಯಾದ ಸಂತೋಷದ ಸುದ್ದಿಯನ್ನು ನಿನ್ನ ಅಮ್ಮ ತಿಳಿಸಿದಳು. ಅದರ ಬೆನ್ನಿಗೇ, ಸೇವೆಗಳ ಆದ್ಯತೆಯನ್ನು ಬರೆಯುವ ಅರ್ಜಿಯಲ್ಲಿ ವಿದೇಶಾಂಗ ಸೇವೆಯನ್ನು ಮೊದಲು ಹಾಕಬೇಕೆಂದಿದ್ದವಳು ಈಗ ಅದನ್ನು ಕೆಳಕ್ಕೆ ಸರಿಸುವ ಯೋಚನೆಯಲ್ಲಿದ್ದೀಯೆ ಎಂದೂ ಹೇಳಿದಳು. ಕಾರಣ ಕೇಳಿದರೆ, "ಮೂರು ವರ್ಷಕ್ಕೊಂದು ದೇಶ ಎಂದರೆ ಯಾರಕ್ಕಾ ಮದುವೆಯಾಗುತ್ತಾರೆ?" ಎಂದಳು. ಅದು ನಿನ್ನ ಮಾತೋ ಅವಳ ಮಾತೋ ನನಗೆ ತಿಳಿಯಲಿಲ್ಲ. ಫೋನಿನಲ್ಲಿ ಹೇಳಿ ಮುಗಿಸುವ ವಿಷಯ ಇದಲ್ಲವೆಂದು ಬರೆಯುತ್ತಿದ್ದೇನೆ.

ವಿರಾಜಪೇಟೆಯ ಸಿ. ಬಿ. ಮುತ್ತಮ್ಮನವರ ಹೆಸರನ್ನು ನೀನು ಸಾಮಾನ್ಯ ಜ್ಞಾನದ ಪುಸ್ತಕದಲ್ಲಿ "ದೇಶದ ಮೊದಲ ಮಹಿಳಾ ರಾಯಭಾರಿ" ಎಂದು ಬಾಯಿಪಾಠ ಮಾಡಿರುತ್ತೀಯೆ. ಆ ಸಾಲು ಅಷ್ಟು ಸರಿಯಲ್ಲ, ಏಕೆಂದರೆ ವಿಜಯಲಕ್ಷ್ಮಿ ಪಂಡಿತರು 1947ರಲ್ಲೇ ರಾಯಭಾರಿಯಾಗಿ ಮಾಸ್ಕೋಗೆ ಹೋಗಿದ್ದರು. ಆದರೆ ಪರೀಕ್ಷೆ ಬರೆದು, ಕೆಳಗಿನ ಮೆಟ್ಟಿಲಿನಿಂದ ಹತ್ತಿ ಆ ಹುದ್ದೆಗೆ ಬಂದ ಮೊದಲ ಹೆಂಗಸು ಮುತ್ತಮ್ಮನವರೇ. ಅವರು 1924ರಲ್ಲಿ ಹುಟ್ಟಿದವರು. ಒಂಬತ್ತು ವರ್ಷದವರಿದ್ದಾಗ, ಅರಣ್ಯಾಧಿಕಾರಿಯಾಗಿದ್ದ ತಂದೆ ತೀರಿಕೊಂಡರು. ನಾಲ್ವರು ಮಕ್ಕಳನ್ನೂ ತಾಯಿಯೇ ಓದಿಸಿದರು. ಮಡಿಕೇರಿಯಲ್ಲಿ ಶಾಲೆ, ಮದರಾಸಿನಲ್ಲಿ ಕಾಲೇಜು ಮುಗಿಸಿ, 1948ರಲ್ಲಿ ಪರೀಕ್ಷೆಯಲ್ಲಿ ಗೆದ್ದು, ಮರುವರ್ಷ ವಿದೇಶಾಂಗ ಸೇವೆಗೆ ಸೇರಿದರು.

ಸೇರುವ ಮೊದಲು ಎರಡು ಸಂಗತಿಗಳು ನಡೆದವು. ಸಂದರ್ಶನ ಮಂಡಳಿಯವರು ಇದು ಹೆಂಗಸರಿಗೆ ತಕ್ಕ ಕೆಲಸವಲ್ಲವೆಂದು ಅವರ ಮನಸ್ಸು ತಿರುಗಿಸಲು ನೋಡಿದರು. ಅವರು ಒಪ್ಪದಿದ್ದಾಗ, ಮದುವೆಯಾದರೆ ರಾಜೀನಾಮೆ ಕೊಡುತ್ತೇನೆ ಎಂಬ ಮುಚ್ಚಳಿಕೆಗೆ ಸಹಿ ಹಾಕಿಸಿಕೊಂಡರು. ಜೊತೆಗೆ ಸೇರಿದ ಗಂಡಸರ ಮುಂದೆ ಅಂಥ ಕಾಗದವನ್ನು ಯಾರೂ ಇಡಲಿಲ್ಲ. 1961ರ ಸೇವಾ ನಿಯಮಗಳಲ್ಲಂತೂ ಇದು ಅಚ್ಚಾಗಿಯೇ ಬಂತು: ಸೇವೆಯಲ್ಲಿರುವ ಹೆಂಗಸು ಮದುವೆಗೆ ಮುಂಚೆ ಸರ್ಕಾರದ ಲಿಖಿತ ಅನುಮತಿ ಪಡೆಯಬೇಕು, ಸಂಸಾರದ ಹೊಣೆ ಕೆಲಸಕ್ಕೆ ಅಡ್ಡಿಯೆಂದು ಸರ್ಕಾರಕ್ಕೆ ತೋರಿದರೆ ಆಕೆ ರಾಜೀನಾಮೆ ಕೊಡಬೇಕಾಗಬಹುದು, ಮದುವೆಯಾದ ಹೆಂಗಸಿಗೆ ಸೇವೆಗೆ ಸೇರುವ ಹಕ್ಕೇ ಇಲ್ಲ.

ಪ್ಯಾರಿಸ್‌ನಿಂದ ಆರಂಭಿಸಿ, ರಂಗೂನ್, ಲಂಡನ್, ದೆಹಲಿಯ ಕಚೇರಿಗಳನ್ನು ದಾಟಿ, 1970ರಲ್ಲಿ ಅವರು ಹಂಗೆರಿಗೆ ರಾಯಭಾರಿಯಾದರು. ಆಮೇಲೆ ಘಾನಾ, ಕೊನೆಗೆ ನೆದರ್ಲೆಂಡ್ಸ್. ಈ ನಡುವೆ ಮೇಲಿನ ಶ್ರೇಣಿಗೆ ಬಡ್ತಿ ಕೊಡುವಾಗ ಅರ್ಹತೆ ಸಾಲದೆಂದು ಅವರನ್ನು ಬಿಟ್ಟು ಕಿರಿಯರನ್ನು ಮುಂದೆ ಮಾಡಿದರು. ಆಗ ಅವರು ಸರ್ಕಾರದ ಮೇಲೆಯೇ ಸುಪ್ರೀಂ ಕೋರ್ಟಿಗೆ ಹೋದರು. ಅರ್ಜಿ ವಿಚಾರಣೆಯಲ್ಲಿರುವಾಗಲೇ ಬಡ್ತಿ ಬಂತು. ಆದ್ದರಿಂದ 1979ರ ಸೆಪ್ಟೆಂಬರಿನಲ್ಲಿ ನ್ಯಾಯಮೂರ್ತಿ ವಿ. ಆರ್. ಕೃಷ್ಣ ಅಯ್ಯರ್ ಅವರ ಪೀಠ ಅರ್ಜಿಯನ್ನು ವಜಾ ಮಾಡಿತು. ಆದರೆ ಸಂಸಾರದ ಹೊಣೆಯೆಂಬುದು ಗಂಡಸಿನ ಕೆಲಸಕ್ಕೂ ಅಡ್ಡಬರಬಹುದಲ್ಲವೇ ಎಂದು ಅದು ಸರ್ಕಾರವನ್ನು ಕೇಳಿತು. ಅವರ ಜ್ಯೇಷ್ಠತೆಯನ್ನು ಮರುಪರಿಶೀಲಿಸಲು ಹೇಳಿ, ರಿಟ್ ಅರ್ಜಿಗಳು ಬರಲೆಂದು ಕಾಯದೆ ಎಲ್ಲ ಸೇವಾ ನಿಯಮಗಳಿಂದಲೂ ಈ ತಾರತಮ್ಯದ ಕಲೆಯನ್ನು ತೊಳೆಯಬೇಕೆಂದಿತು. ಆ ತೀರ್ಪು ಕೆಲವೇ ಪುಟಗಳದ್ದು. ಸಂದರ್ಶನಕ್ಕೆ ಹೋಗುವ ಮೊದಲು ಒಮ್ಮೆ ಓದು.

ಇನ್ನು ನನ್ನದನ್ನು ಹೇಳುತ್ತೇನೆ. ನಿನ್ನ ಅಮ್ಮನಿಗೂ ಇದು ಪೂರ್ತಿ ಗೊತ್ತಿಲ್ಲ. 1981ರಲ್ಲಿ ನನಗೆ ಬಡ್ತಿಯ ಸರದಿ ಬಂತು, ಜೊತೆಗೆ ರಾಯಚೂರಿಗೆ ವರ್ಗ. ನಿನ್ನ ಅಣ್ಣನಿಗೆ ಆಗ ಎರಡು ವರ್ಷ. ಮೇಲಧಿಕಾರಿಗಳು ಒಳಗೆ ಕರೆದು, ಕೂರಿಸಿ, ಕಾಫಿ ತರಿಸಿ, "ನಿಮಗ್ಯಾಕಮ್ಮ ಈ ಅಲೆದಾಟ, ಬಡ್ತಿ ಬೇಡವೆಂದು ಬರೆದುಕೊಟ್ಟುಬಿಡಿ" ಎಂದು ತಮ್ಮ ಜೇಬಿನ ಪೆನ್ನನ್ನೇ ತೆಗೆದು ಮೇಜಿನ ಮೇಲೆ ನನ್ನತ್ತ ಸರಿಸಿದರು. ನಾನು ಬರೆದುಕೊಟ್ಟೆ. ಮನೆಗೆ ಬಂದು ನಿನ್ನ ದೊಡ್ಡಪ್ಪನಿಗೆ ಹೇಳಿದಾಗ ಅವರು, "ಒಂದು ದಿನದ ಸಮಯ ಕೇಳಬಹುದಿತ್ತಲ್ಲ, ನಾನೂ ರಾಯಚೂರಿಗೆ ಪ್ರಯತ್ನಿಸುತ್ತಿದ್ದೆ" ಎಂದರು. ಮುಂದಿನ ಜ್ಯೇಷ್ಠತಾ ಪಟ್ಟಿಯಲ್ಲಿ ನನಗಿಂತ ಕಿರಿಯರು ಹನ್ನೊಂದು ಮಂದಿ ಮೇಲಿದ್ದರು. ಕಡತದಲ್ಲಿ ಯಾರ ತಪ್ಪೂ ಇಲ್ಲ; ನನ್ನದೇ ಕೈಬರಹವಿದೆ. ಮುತ್ತಮ್ಮನವರ ತೀರ್ಪು ಬಂದು ಆಗಲೇ ಎರಡು ವರ್ಷವಾಗಿತ್ತು, ನನಗೆ ಅದರ ಸುಳಿವೂ ಇರಲಿಲ್ಲ.

ಮುತ್ತಮ್ಮನವರ ಕಾಗದವನ್ನು ಸರ್ಕಾರ ಕೇಳಿ ಪಡೆಯಿತು. ನಿನ್ನ ಮುಂದೆ ಈಗ ಅಂಥ ಕಾಗದವೇ ಇಲ್ಲ, ಆದರೂ ಇನ್ನೂ ಗೊತ್ತಾಗದ ವರನಿಗಾಗಿ ನೀನೇ ಒಂದನ್ನು ಬರೆಯಲು ಹೊರಟಿದ್ದೀಯೆ. ಅದಕ್ಕೇ ನನಗೆ ಕಸಿವಿಸಿ.

ಈ ಸೇವೆ ಸುಲಭವೆಂದು ನಾನು ಹೇಳುವುದಿಲ್ಲ. ಕಡ್ಡಾಯವಾಗಿ ಒಂದು ವಿದೇಶಿ ಭಾಷೆ ಕಲಿಯಬೇಕು, ಅದು ಅರಬ್ಬಿಯೋ ಚೀನಿಯೋ ಆದರೆ ವರ್ಷಗಳೇ ಹಿಡಿಯುತ್ತವೆ. ಔತಣಕೂಟಗಳ ಚಿತ್ರ ಎಲ್ಲರ ಕಣ್ಣಿಗೂ ಬೀಳುತ್ತದೆ. ಪಾಸ್‌ಪೋರ್ಟ್ ಕಳೆದುಕೊಂಡವನನ್ನು, ಸಂಬಳ ಸಿಗದೆ ಬೀದಿಗೆ ಬಿದ್ದ ಕೂಲಿಯವನನ್ನು ವಿಚಾರಿಸಿಕೊಳ್ಳುವುದು, ಸೆರೆಮನೆಗೆ ಹೋಗಿ ನಮ್ಮವರನ್ನು ನೋಡಿಬರುವುದು, ಸತ್ತವನ ದೇಹವನ್ನು ಊರಿಗೆ ಕಳಿಸಲು ಕಾಗದಪತ್ರ ಹೊಂದಿಸುವುದು ಯಾವ ಚಿತ್ರದಲ್ಲೂ ಬರುವುದಿಲ್ಲ. ಅಪ್ಪ ಅಮ್ಮನಿಗೆ ಹುಷಾರಿಲ್ಲದಾಗ ನೀನು ಎರಡು ವಿಮಾನ ಬದಲಿಸುವಷ್ಟು ದೂರದಲ್ಲಿರುತ್ತೀಯೆ. ಇದೆಲ್ಲವನ್ನೂ ಅಳೆದು ನೋಡಿ ಬೇಡವೆನಿಸಿದರೆ ಕೆಳಗೆ ಹಾಕು, ನನ್ನ ತಕರಾರಿಲ್ಲ.

ಮದುವೆಯ ಮಾತಿಗೆ ಬಂದರೆ, ಮುತ್ತಮ್ಮನವರು ಮದುವೆಯಾಗಲಿಲ್ಲ. ಅದಕ್ಕೆ ಕಾರಣವೇನೆಂದು ನಾವು ಊಹಿಸುತ್ತ ಕೂರುವುದು ಬೇಡ. ಬೆಂಗಳೂರಿನ ಮೌಂಟ್ ಕಾರ್ಮೆಲ್ ಕಾಲೇಜಿನಲ್ಲಿ ಓದಿದ ನಿರುಪಮಾ ರಾವ್ ಅವರು 1973ರಲ್ಲಿ ಸೇವೆಗೆ ಸೇರಿ, ಸಂಸಾರವನ್ನೂ ನಡೆಸಿ, 2009ರ ಆಗಸ್ಟಿನಲ್ಲಿ ವಿದೇಶಾಂಗ ಕಾರ್ಯದರ್ಶಿಯಾದರು. ಅವರ ಪತಿ ನಮ್ಮ ರಾಜ್ಯದ ಮುಖ್ಯ ಕಾರ್ಯದರ್ಶಿಯಾಗಿದ್ದವರು. ಇಬ್ಬರೂ ಬೇರೆ ಬೇರೆ ಊರುಗಳಲ್ಲಿ ಎಷ್ಟು ವರ್ಷ ಕಳೆದಿರಬೇಕೋ, ಅದನ್ನೂ ಲೆಕ್ಕಕ್ಕೆ ಹಿಡಿ. ಅದೇ ವರ್ಷದ ಅಕ್ಟೋಬರಿನಲ್ಲಿ ಮುತ್ತಮ್ಮನವರು ಬೆಂಗಳೂರಿನಲ್ಲಿ ತೀರಿಕೊಂಡರು. ಅಷ್ಟು ದೇಶಗಳ ಊಟ ಉಂಡು ಬಂದ ಅವರು ಕೊಡವರ ಅಡುಗೆಯ ಮೇಲೊಂದು ಪುಸ್ತಕವನ್ನೂ ಬರೆದಿದ್ದರೆಂದರೆ ನಿನಗೆ ನಗು ಬಂದೀತು, ನನಗೆ ಅದು ಬಹಳ ಹಿಡಿಸಿತು.

ಅರ್ಜಿ ಕಳಿಸಲು ಇನ್ನೂ ಐದು ದಿನವಿದೆ ಎಂದು ನಿನ್ನ ಅಮ್ಮ ಹೇಳಿದಳು. ನಾಲ್ಕು ದಿನ ಅದನ್ನು ಮುಟ್ಟಬೇಡ. ಐದನೆಯ ದಿನ ಒಬ್ಬಳೇ ಕೂತು ತುಂಬು, ಪಕ್ಕದಲ್ಲಿ ಕೂತು ಪೆನ್ನು ಕೊಡುವವರು ಯಾರೂ ಬೇಡ, ನಾನೂ ಬೇಡ. ಭಾನುವಾರ ನಿನ್ನ ಅಮ್ಮ ಇಲ್ಲಿಗೆ ಬರುತ್ತಾಳೆ. ರಾಯಚೂರಿನ ಕಥೆಯನ್ನು ಅವಳಿಗೆ ನಾನೇ ಹೇಳುತ್ತೇನೆ.

ಇಂತಿ ಆಶೀರ್ವಾದಗಳು,
ನಿನ್ನ ದೊಡ್ಡಮ್ಮ